ರೋಸ್ಮರಿ ಗಿಡ ಒಣಗುವುದು ನೀರು ಸಾಲದೆ ಅಲ್ಲ: ಕುಂಡ, ಮಣ್ಣು, ನೀರು ಹಂತ ಹಂತವಾಗಿ

ಸೂಜಿಯಂಥ ಎಲೆಯ ಘಮದ ಗಿಡ ರೋಸ್ಮರಿ. ಅದನ್ನು ಬೆಳೆಸಲು ಹೋಗಿ ಸೋತವರು ಹೇಳುವುದು ಹೆಚ್ಚುಕಡಿಮೆ ಒಂದೇ ಮಾತು. "ತಂದಾಗ ಚೆನ್ನಾಗಿತ್ತು. ತಪ್ಪದೆ ದಿನಾ ನೀರು ಹಾಕಿದೆ. ಮೂರು ವಾರಕ್ಕೆ ಕೆಳಗಿನ ಎಲೆ ಕಪ್ಪಾಯಿತು, ಆಮೇಲೆ ಇಡೀ ಗಿಡ ಒಣಗಿಹೋಯಿತು." ಒಣಗಿತು ಅಂದ ಕೂಡಲೇ ನೀರು ಸಾಲಲಿಲ್ಲವೇನೋ ಅನಿಸುತ್ತದೆ. ಇನ್ನೊಂದು ಚೊಂಬು ಹಾಕುತ್ತೇವೆ. ಅಲ್ಲಿಗೆ ಮುಗಿಯಿತು.

ನನ್ನ ಮೊದಲ ಎರಡು ಗಿಡ ಹೋಗಿದ್ದೂ ಹೀಗೆಯೇ. ಎರಡನೆಯದನ್ನು ಕುಂಡದಿಂದ ಹೊರಗೆ ತೆಗೆದು ನೋಡಿದೆ. ಎಲೆ ಮುಟ್ಟಿದರೆ ಉದುರುವಷ್ಟು ಒಣಗಿತ್ತು. ಬೇರಿನ ಸುತ್ತಲಿನ ಮಣ್ಣು ಮಾತ್ರ ಹಿಂಡಿದರೆ ನೀರು ಬರುವಷ್ಟು ಒದ್ದೆ. ಬೇರುಗಳೆಲ್ಲ ಕೊಳೆತು ಕಂದು ಬಣ್ಣಕ್ಕೆ ತಿರುಗಿದ್ದವು. ಕೊಳೆತ ಬೇರು ನೀರು ಎಳೆಯುವುದಿಲ್ಲ. ನೀರಿನ ನಡುವೆ ನಿಂತೇ ಆ ಗಿಡ ಬಾಯಾರಿ ಸತ್ತಿತ್ತು.

"ಎಷ್ಟು ದಿನಕ್ಕೊಮ್ಮೆ ನೀರು ಹಾಕಲಿ?" ಎಲ್ಲರೂ ಮೊದಲು ಕೇಳುವ ಪ್ರಶ್ನೆ ಇದು. ಬಿಸಿಲು, ಕುಂಡ, ಮಣ್ಣು ಈ ಮೂರೂ ಸರಿಯಾಗುವವರೆಗೆ ಇದಕ್ಕೆ ಉತ್ತರವೇ ಇಲ್ಲ. ಹಾಗಾಗಿ ಕೆಳಗಿನ ಹಂತಗಳನ್ನು ಇದೇ ಕ್ರಮದಲ್ಲಿ ಮಾಡಿ. ನಾನು ಬೆಳೆಸುವುದು ಬೆಂಗಳೂರಿನ ತಾರಸಿಯಲ್ಲಿ. ಕರಾವಳಿ, ಮಲೆನಾಡು, ಉತ್ತರ ಕರ್ನಾಟಕದವರಿಗೆ ಬೇರೆಯಾಗುವ ವಿಷಯಗಳನ್ನು ಅಲ್ಲಲ್ಲಿ ಹೇಳಿದ್ದೇನೆ.

## ಮೊದಲು ಇವನ್ನು ಹೊಂದಿಸಿಕೊಳ್ಳಿ

- 8 ಅಥವಾ 10 ಇಂಚಿನ ಮಣ್ಣಿನ ಕುಂಡ, ತಳದಲ್ಲಿ ತೂತು ಇರುವಂಥದ್ದು
- ಕೆಂಪು ಮಣ್ಣು, ದಪ್ಪ ಮರಳು, ಚೆನ್ನಾಗಿ ಮಾಗಿದ ಎರೆಗೊಬ್ಬರ ಅಥವಾ ಕಾಂಪೋಸ್ಟ್
- ಮರಳು ಜಾಲಿಸಲು ಒಂದು ಹಳೆಯ ಜರಡಿ
- ಬಿದಿರಿನ ಉದ್ದ ಕಡ್ಡಿ, ಪನೀರ್ ಟಿಕ್ಕಾಗೆ ಚುಚ್ಚುತ್ತಾರಲ್ಲ ಅಂಥದ್ದು
- ಹರಿತವಾದ ಕತ್ತರಿ
- ಕುಂಡ ಎತ್ತರಿಸಿ ಇಡಲು ಮೂರು ಇಟ್ಟಿಗೆ ತುಂಡು

ತೇವ ತೋರಿಸುವ ಮೀಟರ್ ಕೊಳ್ಳಬೇಕಾಗಿಲ್ಲ. ಮರಳು ಜಾಸ್ತಿ ಇರುವ ಮಣ್ಣಿನಲ್ಲಿ ಅಗ್ಗದ ಮೀಟರ್‌ಗಳು ಸರಿಯಾಗಿ ತೋರಿಸುವುದಿಲ್ಲ. ಬಿದಿರು ಕಡ್ಡಿಯನ್ನು ನಂಬಬಹುದು.

## ಹಂತ 1: ಗಿಡ ಆರಿಸುವುದು

ಬೀಜದಿಂದ ಶುರು ಮಾಡಬೇಡಿ. ರೋಸ್ಮರಿ ಬೀಜ ಹುಟ್ಟುವುದೇ ಕಡಿಮೆ, ಹುಟ್ಟಿದರೂ ಬಹಳ ನಿಧಾನ. ಗಿಡ ಕೊಳ್ಳಿ, ಇಲ್ಲವೇ ಗೊತ್ತಿದ್ದವರ ಮನೆಯಿಂದ ಒಂದು ಕಡ್ಡಿ ತಂದು ಬೇರು ಬರಿಸಿ.

ನರ್ಸರಿಯಲ್ಲಿ ಎತ್ತರದ ಗಿಡಕ್ಕೆ ಮನಸೋಲಬೇಡಿ. ಗಿಡ್ಡಗಿದ್ದು ಬುಡದಿಂದಲೇ ಎರಡು ಮೂರು ಕವಲು ಒಡೆದಿರುವುದು ಒಳ್ಳೆಯದು. ಬುಡದ ಹತ್ತಿರ ಕೈಯಿಂದ ಎಲೆ ಸರಿಸಿ ನೋಡಿ. ಕೆಳಗಿನ ಎಲೆ ಕಪ್ಪಾಗಿದ್ದರೆ, ಕಾಂಡದ ಬುಡ ಮೆತ್ತಗಿದ್ದರೆ ಬಿಟ್ಟುಬಿಡಿ. ಕವರ್ ಎತ್ತಿ ಮೂಸಿ ನೋಡಿ. ಚರಂಡಿಯಂಥ ವಾಸನೆ ಬಂದರೆ ಒಳಗೆ ಬೇರು ಕೊಳೆಯುತ್ತಿದೆ ಅಂತಲೇ ಅರ್ಥ.

ಬೆಂಗಳೂರು, ಮೈಸೂರು ಕಡೆ ಮಳೆ ಹಿಂದೆ ಸರಿದ ಮೇಲೆ, ನವೆಂಬರ್‌ನಿಂದ ಫೆಬ್ರವರಿವರೆಗೆ ತರುವುದು ಉತ್ತಮ. ಜುಲೈನಲ್ಲಿ ತಂದರೆ ಬೇರು ಊರುವ ಮೊದಲೇ ಮಳೆಯ ಪರೀಕ್ಷೆ. ತಂದ ದಿನವೇ ಕುಂಡ ಬದಲಿಸಬೇಡಿ. ಒಂದು ವಾರ ಅದೇ ಕವರ್‌ನಲ್ಲಿ ನಿಮ್ಮ ಮನೆಯ ಬಿಸಿಲಿಗೆ ಒಗ್ಗಲಿ. ನೆರಳುಬಲೆಯ ಕೆಳಗಿದ್ದ ಗಿಡವಾದರೆ ಮೊದಲ ಮೂರು ನಾಲ್ಕು ದಿನ ಬೆಳಗಿನ ಬಿಸಿಲು ಮಾತ್ರ ಕೊಡಿ.

## ಹಂತ 2: ಜಾಗ

ದಿನಕ್ಕೆ 6 ಗಂಟೆ ನೇರ ಬಿಸಿಲು ಬೇಕು. ಬೆಳಕು ಚೆನ್ನಾಗಿದೆ ಅನ್ನುವುದು ಬೇರೆ, ಬಿಸಿಲು ಬೀಳುತ್ತದೆ ಅನ್ನುವುದು ಬೇರೆ. ಅಡುಗೆಮನೆ ಕಿಟಕಿಯಲ್ಲಿ ಇಟ್ಟ ಗಿಡ ಕೆಲವು ತಿಂಗಳು ಹಸಿರಾಗಿಯೇ ಇರುತ್ತದೆ. ಆದರೆ ಕೊಂಬೆ ತೆಳ್ಳಗೆ ಉದ್ದಕ್ಕೆ ಬೆಳೆದು ಬಾಗುತ್ತದೆ, ಮಣ್ಣು ಬೇಗ ಆರುವುದಿಲ್ಲ. ನೀರಿನ ತೊಂದರೆ ಅಲ್ಲಿಂದಲೇ ಶುರು.

ಗಾಳಿ ಆಡುವುದೂ ಅಷ್ಟೇ ಮುಖ್ಯ. ಕುಂಡಗಳನ್ನು ಒಂದಕ್ಕೊಂದು ತಾಗಿಸಿ ಇಡಬೇಡಿ. ಕಲಬುರಗಿ, ರಾಯಚೂರಿನಂಥ ಕಡೆ ಏಪ್ರಿಲ್, ಮೇ ತಿಂಗಳಲ್ಲಿ ಬಿಸಿಲು 40 ಡಿಗ್ರಿ ದಾಟುತ್ತದೆ. ಅಲ್ಲಿ ಮಧ್ಯಾಹ್ನ 12ರ ನಂತರ ನೆರಳು ಸಿಗುವ ಕಡೆಗೆ ಸರಿಸಿ. ಕಾದ ಕುಂಡದ ಗೋಡೆಗೆ ತಾಗಿದ ಬೇರು ಬೇಯುತ್ತದೆ.

## ಹಂತ 3: ಕುಂಡ

ಮಣ್ಣಿನ ಕುಂಡವೇ ಇರಲಿ. ಅದರ ಗೋಡೆ ಉಸಿರಾಡುತ್ತದೆ, ತೇವ ಪಕ್ಕದಿಂದಲೂ ಆರುತ್ತದೆ. ಪ್ಲಾಸ್ಟಿಕ್ ಕುಂಡದಲ್ಲಿ ನೀರು ಮೇಲಿನಿಂದ ಮಾತ್ರ ಆರಬೇಕು. ಮಣ್ಣಿನ ಕುಂಡ ಸಿಗದಿದ್ದರೆ ಗಿಡ ಬೆಳೆಸುವ ಬಟ್ಟೆಯ ಚೀಲ, ಅಂದರೆ ಗ್ರೋಬ್ಯಾಗ್ ನೋಡಿ, ಅದೂ ಪರವಾಗಿಲ್ಲ.

ಚಿಕ್ಕ ಗಿಡವನ್ನು ಒಮ್ಮೆಲೇ 16 ಇಂಚಿನ ಕುಂಡಕ್ಕೆ ಹಾಕಬೇಡಿ. ಬೆಳೆಯಲು ಜಾಗ ಇರಲಿ ಅಂತ ನಾವು ಪ್ರೀತಿಯಿಂದಲೇ ಹೀಗೆ ಮಾಡುತ್ತೇವೆ. ಆದರೆ ಬೇರು ಇರುವುದು ನಡುವಿನ ಒಂದು ಹಿಡಿ ಮಣ್ಣಿನಲ್ಲಿ. ಸುತ್ತಲಿನ ಮಣ್ಣಿನ ನೀರನ್ನು ಎಳೆಯುವವರೇ ಇಲ್ಲದೆ ಅದು ವಾರಗಟ್ಟಲೆ ಒದ್ದೆಯಾಗಿ ಉಳಿಯುತ್ತದೆ. ಈಗಿರುವ ಬೇರಿನ ಉಂಡೆಗಿಂತ ಎರಡು ಇಂಚು ಅಗಲದ ಕುಂಡ ಸಾಕು.

ತಳಕ್ಕೆ ಜಲ್ಲಿ ಸುರಿದರೆ ನೀರು ಚೆನ್ನಾಗಿ ಬಸಿಯುತ್ತದೆ ಎಂಬ ಮಾತು ಎಲ್ಲ ಕಡೆ ಕೇಳಿಬರುತ್ತದೆ. ಅದು ಸರಿಯಲ್ಲ. ಮಣ್ಣಿನಲ್ಲಿರುವ ನೀರು ದಪ್ಪ ಜಲ್ಲಿಯ ಪದರಕ್ಕೆ ಸುಲಭವಾಗಿ ಇಳಿಯುವುದಿಲ್ಲ. ಮಣ್ಣು ಪೂರ್ತಿ ನೆನೆಯುವವರೆಗೆ ಜಲ್ಲಿಯ ಮೇಲೆಯೇ ನಿಲ್ಲುತ್ತದೆ. ಅಂದರೆ ಒದ್ದೆ ಭಾಗ ಬೇರಿಗೆ ಇನ್ನಷ್ಟು ಹತ್ತಿರ ಬರುತ್ತದೆ. ತೂತಿನ ಮೇಲೆ ಒಂದು ಹೆಂಚಿನ ಚೂರು ಓರೆಯಾಗಿ ಇಡಿ, ಮಣ್ಣು ಕೊಚ್ಚಿಹೋಗದಿರಲು ಅಷ್ಟು ಸಾಕು.

ಕುಂಡದ ಕೆಳಗಿನ ತಟ್ಟೆ ತೆಗೆದುಬಿಡಿ. ಮೂರು ಇಟ್ಟಿಗೆ ತುಂಡಿನ ಮೇಲೆ ಕುಂಡ ಇಟ್ಟರೆ ತೂತಿನ ಕೆಳಗೂ ಗಾಳಿ ಆಡುತ್ತದೆ.

## ಹಂತ 4: ಮಣ್ಣು

ಹೆಚ್ಚಿನ ಗಿಡಗಳು ಸಾಯುವುದು ಈ ಹಂತದ ತಪ್ಪಿನಿಂದಲೇ. ಅಂಗಡಿಯಲ್ಲಿ ಸಿಗುವ ಸಿದ್ಧ ಮಿಶ್ರಣದಲ್ಲಿ ಹೆಚ್ಚಾಗಿ ಕೋಕೋಪೀಟ್, ಅಂದರೆ ತೆಂಗಿನ ನಾರಿನ ಪುಡಿ ಇರುತ್ತದೆ. ಅದು ಟೊಮೆಟೊ, ಪುದೀನಕ್ಕೆ ಒಳ್ಳೆಯದು. ತನ್ನ ತೂಕದ ಹಲವು ಪಟ್ಟು ನೀರು ಹಿಡಿದಿಟ್ಟುಕೊಳ್ಳುವುದೇ ಅದರ ಗುಣ. ರೋಸ್ಮರಿಗೆ ಬೇಡವಾದದ್ದೂ ಅದೇ ಗುಣ.

ಈ ಗಿಡದ ತವರು ಮೆಡಿಟರೇನಿಯನ್ ಸಮುದ್ರದ ಸುತ್ತಲಿನ ಕಲ್ಲುಗುಡ್ಡಗಳು. ಅಲ್ಲಿ ಮಳೆ ಬರುವುದು ಚಳಿಗಾಲದಲ್ಲಿ, ಬೇಸಿಗೆ ಪೂರ್ತಿ ಒಣ. ನಮ್ಮಲ್ಲಿ ಸೆಖೆಯೂ ಮಳೆಯೂ ಒಟ್ಟಿಗೇ ಬರುತ್ತವೆ. ಬೆಚ್ಚಗಿನ ಒದ್ದೆ ಮಣ್ಣು ಅಂದರೆ ಕೊಳೆರೋಗಕ್ಕೆ ಹಬ್ಬ. ಅಡಿಕೆಗೆ ಕೊಳೆರೋಗ ತರುವ ಫೈಟಾಫ್ತೊರಾ ಎಂಬ ಸೂಕ್ಷ್ಮಜೀವಿ ಅಡಿಕೆ ಬೆಳೆಯುವವರಿಗೆ ಗೊತ್ತಲ್ವಾ, ರೋಸ್ಮರಿಯ ಬೇರು ಕೊಳೆಸುವವುಗಳಲ್ಲಿ ಅದೇ ಬಳಗದವೂ ಇವೆ.

ನಾನು ಬಳಸುವ ಅಳತೆ ಇದು: 2 ಭಾಗ ಕೆಂಪು ಮಣ್ಣು, 2 ಭಾಗ ದಪ್ಪ ಮರಳು, 1 ಭಾಗ ಎರೆಗೊಬ್ಬರ. ಕರಾವಳಿ, ಮಲೆನಾಡಿನವರು ಮರಳನ್ನು 3 ಭಾಗ ಮಾಡಿ. ನಿಮ್ಮದು ಕಪ್ಪು ಎರೆಮಣ್ಣಾದರೆ ಅದನ್ನು ಬಳಸಲೇಬೇಡಿ. ಎಷ್ಟು ಮರಳು ಬೆರೆಸಿದರೂ ಅದು ನೀರು ಬಿಡುವುದಿಲ್ಲ. ಕೆಂಪು ಮಣ್ಣು ತರಿಸಿಕೊಳ್ಳಿ.

ಹೊಳೆ ಮರಳು ಈಗ ಸುಲಭಕ್ಕೆ ಸಿಗುವುದಿಲ್ಲ. ಕಲ್ಲು ಪುಡಿ ಮಾಡಿ ತಯಾರಿಸುವ ಎಂ-ಸ್ಯಾಂಡ್ ಆಗುತ್ತದೆ, ಆದರೆ ಹಾಗೇ ಸುರಿಯಬೇಡಿ. ಅದರಲ್ಲಿರುವ ಕಲ್ಲಿನ ಪುಡಿ ನೀರು ಬಿದ್ದ ಮೇಲೆ ಸಿಮೆಂಟಿನಂತೆ ಕೂರುತ್ತದೆ. ಜರಡಿ ಹಿಡಿದು ಪುಡಿ ತೆಗೆಯಿರಿ, ಬಕೆಟ್‌ನಲ್ಲಿ ಹಾಕಿ ನೀರು ತಿಳಿಯಾಗುವವರೆಗೆ ಎರಡು ಮೂರು ಸಲ ತೊಳೆಯಿರಿ. ಉಳಿಯುವ ದಪ್ಪ ಕಾಳು ನಿಮಗೆ ಬೇಕಾದದ್ದು. ಮುರಿದ ಇಟ್ಟಿಗೆಯನ್ನು ಕಡಲೆಕಾಳಿನ ಗಾತ್ರಕ್ಕೆ ಕುಟ್ಟಿ ಬೆರೆಸಿದರೂ ಚೆನ್ನಾಗಿರುತ್ತದೆ. ಸಮುದ್ರದ ಮರಳು ಬೇಡ, ಅದರಲ್ಲಿ ಉಪ್ಪಿದೆ.

ಬಸಿಯುವ ಪರೀಕ್ಷೆ. ಗಿಡ ನೆಡುವ ಮೊದಲು ಖಾಲಿ ಕುಂಡಕ್ಕೆ ಮಿಶ್ರಣ ತುಂಬಿಸಿ ಚೆನ್ನಾಗಿ ನೆನೆಸಿ. ಹತ್ತು ನಿಮಿಷ ಬಿಟ್ಟು ಇನ್ನೊಂದು ಚೊಂಬು ನೀರು ಹಾಕಿ. ಮೇಲೆ ನಿಂತ ನೀರು ಕೆಲವೇ ಸೆಕೆಂಡಿನಲ್ಲಿ ಇಳಿದು, ಒಂದು ನಿಮಿಷದೊಳಗೆ ತಳದಿಂದ ಹರಿಯಬೇಕು. ಮೇಲೆ ಕೆರೆಯಂತೆ ನಿಂತರೆ ಮತ್ತೆ ಮರಳು ಬೆರೆಸಿ. ಈ ಪರೀಕ್ಷೆಯನ್ನು ದಯವಿಟ್ಟು ಬಿಡಬೇಡಿ.

## ಹಂತ 5: ನೆಡುವುದು

ನರ್ಸರಿ ಗಿಡದ ಬೇರಿನ ಸುತ್ತ ಒಂದೋ ಜಿಗುಟು ಕೆಂಪು ಮಣ್ಣು ಇರುತ್ತದೆ, ಇಲ್ಲವೇ ಒತ್ತಾಗಿ ತುಂಬಿದ ಕೋಕೋಪೀಟ್. ಆ ಉಂಡೆಯನ್ನು ಹಾಗೇ ಹೊಸ ಮಣ್ಣಿಗಿಟ್ಟರೆ ಸುತ್ತ ಒಣಗಿದ್ದರೂ ನಡುವೆ ಒದ್ದೆ ಉಳಿಯುತ್ತದೆ. ಮೇಲಿಂದ ಮುಟ್ಟಿದರೆ ಗೊತ್ತೇ ಆಗುವುದಿಲ್ಲ.

ಉಂಡೆಯ ಹೊರಗಿನ ಭಾಗವನ್ನು ಬೆರಳಿನಿಂದ ಮೆಲ್ಲಗೆ ಬಿಡಿಸಿ, ಮೂರನೇ ಒಂದರಷ್ಟು ಹಳೆ ಮಣ್ಣು ಉದುರಲಿ. ಜಿಗುಟಾಗಿದ್ದರೆ ಬಕೆಟ್ ನೀರಿನಲ್ಲಿ ಹತ್ತು ನಿಮಿಷ ಇಟ್ಟು ಅಲ್ಲಾಡಿಸಿ. ಬೇರು ಪೂರ್ತಿ ಬೋಳಾಗುವಂತೆ ತೊಳೆಯಬೇಡಿ.

ಮೊದಲು ಎಷ್ಟು ಆಳಕ್ಕಿತ್ತೋ ಅಷ್ಟೇ ಆಳಕ್ಕೆ ನೆಡಿ. ಕಾಂಡ ಮಣ್ಣಿನೊಳಗೆ ಹೂತರೆ ಬುಡ ಕೊಳೆಯುತ್ತದೆ. ನಡುಭಾಗ ಅಂಚಿಗಿಂತ ಸ್ವಲ್ಪ ಎತ್ತರ ಇರಲಿ, ಆಗ ನೀರು ಕಾಂಡದ ಸುತ್ತ ನಿಲ್ಲುವುದಿಲ್ಲ. ಮೇಲೆ ಒಣ ಎಲೆ, ತೆಂಗಿನ ನಾರು ಹೊದಿಸಬೇಡಿ. ಹೊದಿಸಲೇಬೇಕು ಅನಿಸಿದರೆ ಸಣ್ಣ ಕಲ್ಲು ಹಾಕಿ.

ನೆಟ್ಟ ಮೇಲೆ ಒಂದು ಸಲ ತಳದಿಂದ ಹರಿಯುವಷ್ಟು ನೀರು ಕೊಡಿ. ಆಮೇಲೆ ನಾಲ್ಕೈದು ದಿನ ಅರೆನೆರಳು.

## ಹಂತ 6: ನೀರು

ವಾರ, ದಿನ ಲೆಕ್ಕ ಇಟ್ಟುಕೊಳ್ಳಬೇಡಿ. ನೀರು ಹಾಕುವ ಮೊದಲು ಪ್ರತಿ ಸಲ ಹೀಗೆ ಮಾಡಿ.

1. ಬಿದಿರು ಕಡ್ಡಿಯನ್ನು ಬೇರಿನ ಉಂಡೆಯ ಅಂಚಿನಲ್ಲಿ ಮೂರು ಇಂಚು ಆಳಕ್ಕೆ ಚುಚ್ಚಿ, ಐದು ನಿಮಿಷ ಬಿಡಿ.
2. ಹೊರಗೆ ತೆಗೆದು ನೋಡಿ. ಮಣ್ಣು ಅಂಟಿದ್ದರೆ, ಕಡ್ಡಿಯ ಬಣ್ಣ ಗಾಢವಾಗಿದ್ದರೆ, ಕೆನ್ನೆಗೆ ತಾಗಿಸಿದಾಗ ತಣ್ಣಗಿದ್ದರೆ ಇವತ್ತು ನೀರು ಬೇಡ.
3. ಕಡ್ಡಿ ಒಣಗಿ ಬಂದರೆ ಕುಂಡವನ್ನು ಸ್ವಲ್ಪ ಎತ್ತಿ ನೋಡಿ. ಹಗುರವಾಗಿದ್ದರೆ ನೀರು ಕೊಡುವ ಸಮಯ.
4. ಬುಡದ ಸುತ್ತ, ಮಣ್ಣಿಗೆ ಮಾತ್ರ, ನಿಧಾನಕ್ಕೆ ಹಾಕಿ. ತಳದಿಂದ ನೀರು ಹರಿಯುವವರೆಗೆ ಹಾಕಿ ನಿಲ್ಲಿಸಿ. ನನ್ನ 10 ಇಂಚಿನ ಕುಂಡಕ್ಕೆ ಸುಮಾರು ಒಂದು ಲೀಟರ್ ಹಿಡಿಯುತ್ತದೆ.
5. ಮತ್ತೆ ಕಡ್ಡಿ ಒಣಗಿ ಬರುವವರೆಗೆ ಮುಟ್ಟಬೇಡಿ.

ದಿನಾ ಅರ್ಧ ಲೋಟ ಹಾಕುವುದು ಎಲ್ಲಕ್ಕಿಂತ ಕೆಟ್ಟ ಅಭ್ಯಾಸ. ಮೇಲಿನ ಮಣ್ಣು ಸದಾ ಒದ್ದೆ, ಆಳದ ಬೇರಿಗೆ ಏನೂ ಸಿಗುವುದಿಲ್ಲ. ಕೊಡುವಾಗ ಹೊಟ್ಟೆ ತುಂಬ ಕೊಡಿ, ಆಮೇಲೆ ಸುಮ್ನೆ ಬಿಡಿ.

ತುಳಸಿಗೆ ನೀರು ಹಾಕುವ ಕೈ ಹಾಗೇ ಪಕ್ಕದ ಕುಂಡಕ್ಕೂ ಹೋಗುತ್ತದೆ. ನಮ್ಮ ಮನೆಯಲ್ಲಿ ಅಮ್ಮ ಬೆಳಗ್ಗೆ ಪೂಜೆಗೆ ಮುಂಚೆ, ನಾನು ಸಂಜೆ, ಇಬ್ಬರೂ ನೀರು ಹಾಕುತ್ತಿದ್ದೆವು ಎಂಬುದು ನನಗೆ ಗೊತ್ತಾಗಿದ್ದು ಗಿಡ ಹೋದ ಮೇಲೆ. ಈಗ ರೋಸ್ಮರಿ ಬೇರೆ ಮೂಲೆಯಲ್ಲಿದೆ, ನೀರು ಹಾಕುವುದು ಒಬ್ಬರೇ. ಪುದೀನ, ಕೊತ್ತಂಬರಿ ಜೊತೆ ಒಂದೇ ಕುಂಡದಲ್ಲಿ ನೆಡಬೇಡಿ. ತಾರಸಿಯಲ್ಲಿ ಡ್ರಿಪ್ ಹಾಕಿಸಿದ್ದರೆ ರೋಸ್ಮರಿಯ ಪೈಪ್ ಮುಚ್ಚಿಬಿಡಿ.

ಅಕ್ಕಿ ತೊಳೆದ ನೀರು, ಬೇಳೆ ತೊಳೆದ ನೀರು ಈ ಗಿಡಕ್ಕೆ ಬೇಡ. ಕುಂಡದ ಮಣ್ಣಿನಲ್ಲಿ ಪಿಷ್ಟ ಹುಳಿಯುತ್ತದೆ, ಸಣ್ಣ ನೊಣ ಬರುತ್ತವೆ. ಬೋರ್‌ವೆಲ್ ನೀರು ಗಡಸಾಗಿದ್ದರೆ ಚಿಂತೆಯಿಲ್ಲ, ರೋಸ್ಮರಿ ಸ್ವಲ್ಪ ಸುಣ್ಣ ತಾಳಿಕೊಳ್ಳುತ್ತದೆ. ಮಣ್ಣಿನ ಮೇಲೆ ಬಿಳಿ ಪದರ ಕಂಡರೆ ಒಂದು ಬಿಸಿಲಿನ ದಿನ ಎರಡು ಮೂರು ಲೀಟರ್ ನೀರು ಸುರಿದು ಉಪ್ಪನ್ನು ತೊಳೆದು ಹೊರಗೆ ಹರಿಸಿ.

ನೀರು ಹಾಕುವ ಹೊತ್ತು ಬೆಳಗ್ಗೆ. ಎಲೆಯ ಮೇಲೆ ಸ್ಪ್ರೇ ಮಾಡಬೇಡಿ, ಎಲೆ ರೋಗಕ್ಕೆ ದಾರಿಯಾಗುತ್ತದೆ.

ಊರಿಗೆ ಹೋಗುವಾಗ ಪಕ್ಕದ ಮನೆಯವರಿಗೆ ಕೀ ಕೊಡುತ್ತೇವಲ್ಲ, ಆಗ "ಇದೊಂದಕ್ಕೆ ನೀರು ಹಾಕಬೇಡಿ" ಎಂದು ಮರೆಯದೆ ಹೇಳಿ. ಹೊರಡುವ ದಿನ ಚೆನ್ನಾಗಿ ನೀರು ಕೊಟ್ಟು ಅರೆನೆರಳಿಗೆ ಸರಿಸಿದರೆ, ಬೇರೂರಿದ ಗಿಡ ಒಂದು ವಾರ ಸುಲಭವಾಗಿ ತಡೆಯುತ್ತದೆ.

## ಹಂತ 7: ಕಾಲಕ್ಕೆ ತಕ್ಕಂತೆ

ಇಲ್ಲಿರುವ ದಿನಗಳು ನನ್ನ ತಾರಸಿಯ ಅನುಭವ. ನಿಮ್ಮ ಕಡ್ಡಿ ಬೇರೆ ಹೇಳಿದರೆ ಕಡ್ಡಿಯ ಮಾತನ್ನೇ ಕೇಳಿ.

ಬೇಸಿಗೆ, ಮಾರ್ಚ್‌ನಿಂದ ಮೇ. ಮಣ್ಣಿನ ಕುಂಡಕ್ಕೆ ಎರಡು ಮೂರು ದಿನಕ್ಕೊಮ್ಮೆ. ಈಗ ತಾನೇ ನೆಟ್ಟ ಗಿಡವನ್ನು ದಿನಾ ಪರೀಕ್ಷಿಸಿ, ಅದರ ಬೇರು ಇನ್ನೂ ಚಿಕ್ಕದು.

ಮಳೆಗಾಲ, ಜೂನ್‌ನಿಂದ ಅಕ್ಟೋಬರ್. ನೀರು ಹಾಕುವ ಕೆಲಸಕ್ಕಿಂತ ನೀರು ಬೀಳದಂತೆ ಕಾಯುವ ಕೆಲಸವೇ ಜಾಸ್ತಿ. ಕುಂಡವನ್ನು ಸಜ್ಜಾದ ಕೆಳಗೆ, ಶೀಟಿನ ಕೆಳಗೆ ಇಡಿ, ಬಿಸಿಲು ಗಾಳಿ ಪಕ್ಕದಿಂದ ಬರಲಿ. ಪ್ಲಾಸ್ಟಿಕ್ ಹೊದಿಸಿ ಸುತ್ತಬೇಡಿ, ಒಳಗೆ ಬೆವತು ಎಲೆ ಕೊಳೆಯುತ್ತದೆ. ಬೆಂಗಳೂರಿನಲ್ಲಿ ಸೆಪ್ಟೆಂಬರ್, ಅಕ್ಟೋಬರ್‌ನ ಸಂಜೆ ಮಳೆ ಜೋರು. ಜೂನ್ ದಾಟಿದ ಗಿಡ ಆಗ ಹೋಗುವುದನ್ನು ಕಂಡಿದ್ದೇನೆ. ಮಂಗಳೂರು, ಉಡುಪಿ, ಆಗುಂಬೆ ಕಡೆಯವರಿಗೆ ಮೇಲೆ ಸೂರು ಇಲ್ಲದೆ ಮಳೆಗಾಲ ದಾಟಿಸುವುದು ಬಹಳ ಕಷ್ಟ. ಅಲ್ಲಿ ನೆಲದಲ್ಲಿ ನೆಡಲೇಬೇಡಿ.

ಚಳಿಗಾಲ. ಐದರಿಂದ ಏಳು ದಿನಕ್ಕೊಮ್ಮೆ. ಗಿಡ ಚೆನ್ನಾಗಿ ಬೆಳೆಯುವ ಕಾಲ ಇದು.

## ಹಂತ 8: ಎಚ್ಚರಿಕೆಯ ಗುರುತುಗಳು

ರೋಸ್ಮರಿ ತನ್ನ ಕಷ್ಟವನ್ನು ತಡವಾಗಿ ಹೇಳುತ್ತದೆ. ಸೂಜಿಯಂಥ ಗಟ್ಟಿ ಎಲೆ ಬೇರು ಸತ್ತ ಮೇಲೂ ಹಲವು ದಿನ ಹಸಿರಾಗಿಯೇ ಇರುತ್ತದೆ. ಹಾಗಾಗಿ ಚಿಕ್ಕ ಗುರುತನ್ನೂ ಕಡೆಗಣಿಸಬೇಡಿ.

ನೀರು ಹೆಚ್ಚಾದರೆ: ಕೆಳಗಿನ ಎಲೆ ಮೊದಲು ಹಳದಿ, ಆಮೇಲೆ ಕಂದು ಅಥವಾ ಕಪ್ಪು. ತುದಿ ಚಿಗುರು ಮೆತ್ತಗೆ ಬಾಗುತ್ತದೆ. ಮಣ್ಣಿನ ಮೇಲೆ ಪಾಚಿ ಕಟ್ಟುತ್ತದೆ. ಬುಡದ ತೊಗಟೆ ಉಗುರಿನಿಂದ ಕೆರೆದರೆ ಒಳಗೆ ಹಸಿರಿನ ಬದಲು ಕಂದು.

ನೀರು ಕಡಿಮೆಯಾದರೆ: ಎಲೆಯ ತುದಿ ಗರಿಗರಿ, ಬಣ್ಣ ಮಂಕು, ಕುಂಡ ಹಗುರ, ಮಣ್ಣು ಅಂಚಿನಿಂದ ಬಿಟ್ಟುಕೊಂಡಿರುತ್ತದೆ.

ಗೊಂದಲವಾದರೆ ಒಂದೇ ಕೆಲಸ ಮಾಡಿ: ಕುಂಡ ಎತ್ತಿ. ಗಿಡ ಬಾಡಿದೆ, ಕುಂಡ ಭಾರವಾಗಿದೆ ಅಂದರೆ ಬೇರಿಗೆ ತೊಂದರೆ, ಒಂದು ಹನಿಯೂ ಹಾಕಬೇಡಿ. ಗಿಡ ಬಾಡಿದೆ, ಕುಂಡ ಹಗುರ ಅಂದರೆ ಬಾಯಾರಿಕೆ.

ಪೂರ್ತಿ ಒಣಗಿದ ಮಣ್ಣಿಗೆ ಮೇಲಿಂದ ನೀರು ಹಾಕಿದರೆ ಅಂಚಿನ ಬಿರುಕಿನಿಂದ ಹರಿದುಹೋಗುತ್ತದೆ, ಒಳಗೆ ಒಣಗಿಯೇ ಇರುತ್ತದೆ. ಆಗ ಕುಂಡವನ್ನು ಬಕೆಟ್ ನೀರಿನಲ್ಲಿ ಅರ್ಧ ಮುಳುಗುವಂತೆ 20 ನಿಮಿಷ ಇಟ್ಟು ತೆಗೆದು ಬಸಿಯಲು ಬಿಡಿ.

## ಹಂತ 9: ಕೊಳೆಯುತ್ತಿರುವ ಗಿಡವನ್ನು ಉಳಿಸುವುದು

ಬುಡದಲ್ಲಿ ಇನ್ನೂ ಹಸಿರಿದ್ದರೆ ಪ್ರಯತ್ನಿಸಿ. ತಡಮಾಡದೆ ಅದೇ ದಿನ ಮಾಡಿ.

1. ಮೊದಲು ಆರೋಗ್ಯವಾಗಿರುವ ತುದಿಗಳಿಂದ ನಾಲ್ಕೈದು ಕಡ್ಡಿ ಕತ್ತರಿಸಿ ಪಕ್ಕಕ್ಕಿಡಿ. ತಾಯಿ ಗಿಡ ಹೋದರೂ ಇವು ಉಳಿಯಬಹುದು.
2. ಗಿಡವನ್ನು ಕುಂಡದಿಂದ ತೆಗೆದು ಬೇರಿನ ಉಂಡೆಯನ್ನು ಹಳೆಯ ಪೇಪರ್‌ನಲ್ಲಿ ಸುತ್ತಿಡಿ. ಪೇಪರ್ ಒದ್ದೆಯಾದಂತೆ ಬದಲಿಸಿ.
3. ಕಪ್ಪಾಗಿ ಮೆತ್ತಗಾದ ಬೇರನ್ನೆಲ್ಲ ಕತ್ತರಿಸಿ. ಬೆಳ್ಳಗೆ ಗಟ್ಟಿಯಾಗಿರುವುದು ಉಳಿಯಲಿ. ಕತ್ತರಿಯನ್ನು ಆಮೇಲೆ ಸ್ಪಿರಿಟ್‌ನಿಂದ ಒರೆಸಿ.
4. ಹೊಸ ಮಿಶ್ರಣದಲ್ಲಿ, ಚಿಕ್ಕ ಕುಂಡದಲ್ಲಿ ನೆಡಿ. ಹಳೆ ಮಣ್ಣು ಬಳಸಬೇಡಿ.
5. ಮೇಲಿನ ಹಸಿರು ಭಾಗವನ್ನು ಮೂರನೇ ಒಂದರಷ್ಟು ಕತ್ತರಿಸಿ. ಉಳಿದ ಬೇರು ಅಷ್ಟು ಎಲೆಯನ್ನು ಸಾಕಲಾರದು.
6. ಒಂದು ವಾರ ಬೆಳಕಿರುವ ನೆರಳು. ಗೊಬ್ಬರ ಬೇಡವೇ ಬೇಡ.

ಬೇರು ಅರ್ಧಕ್ಕಿಂತ ಹೆಚ್ಚು ಹೋಗಿದ್ದರೆ ಉಳಿಯುವುದು ಅಪರೂಪ. ಆಗ ಕಡ್ಡಿಗಳ ಮೇಲೆ ಗಮನ ಕೊಡಿ.

## ಹಂತ 10: ಗೊಬ್ಬರ, ಕತ್ತರಿ, ಹುಳ

ವರ್ಷಕ್ಕೆ ಎರಡು ಸಲ, ಒಂದೊಂದು ಹಿಡಿ ಎರೆಗೊಬ್ಬರ ಸಾಕು. ವಾರವಾರ ಜೀವಾಮೃತ, ಸಗಣಿ ನೀರು ಕೊಟ್ಟರೆ ಕೊಂಬೆ ಮೆತ್ತಗೆ ಬೆಳೆದು ರೋಗಕ್ಕೆ ಸಿಗುತ್ತದೆ, ಘಮವೂ ಕಡಿಮೆ.

ಕತ್ತರಿಸುವಾಗ ಹಸಿರು ಎಲೆ ಇರುವ ಭಾಗದಲ್ಲೇ ಕತ್ತರಿಸಿ. ಎಲೆ ಉದುರಿ ಬೋಳಾದ ಹಳೆ ಮರದವರೆಗೆ ಕತ್ತರಿಸಿದರೆ ಅಲ್ಲಿಂದ ಹೆಚ್ಚಾಗಿ ಚಿಗುರುವುದಿಲ್ಲ. ಒಂದು ಸಲಕ್ಕೆ ಮೂರನೇ ಒಂದಕ್ಕಿಂತ ಜಾಸ್ತಿ ಬೇಡ. ಈಗ ಕೂದಲಿಗೆ ರೋಸ್ಮರಿ ನೀರು ಮಾಡಿಕೊಳ್ಳಲೆಂದೇ ಹಲವರು ಈ ಗಿಡ ತರುತ್ತಾರೆ. ತಂದ ಮೊದಲ ತಿಂಗಳಲ್ಲೇ ಬೋಳಿಸಬೇಡಿ. ಮೂರು ನಾಲ್ಕು ತಿಂಗಳು ಬೆಳೆಯಲಿ.

ಹಿಟ್ಟು ತಿಗಣೆ, ಜೇಡನುಸಿ ಕಂಡರೆ ಒಂದು ಲೀಟರ್ ನೀರಿಗೆ 5 ಮಿಲಿ ಬೇವಿನ ಎಣ್ಣೆ, ಕೆಲವು ಹನಿ ಸೋಪು ನೀರು ಬೆರೆಸಿ ಸಂಜೆ ಸಿಂಪಡಿಸಿ. ಬಳಸುವ ಎಲೆಯನ್ನು ಆಮೇಲೆ ಚೆನ್ನಾಗಿ ತೊಳೆಯಿರಿ.

## ಹಂತ 11: ಕಡ್ಡಿಯಿಂದ ಇನ್ನೊಂದು ಗಿಡ

ಗಿಡ ಒಂದೇ ಇದ್ದರೆ ಮಳೆಗಾಲದಲ್ಲಿ ಭಯ ತಪ್ಪಿದ್ದಲ್ಲ. ಚಳಿಗಾಲದಲ್ಲಿ ಎರಡು ಮೂರು ಸಸಿ ಮಾಡಿಟ್ಟುಕೊಳ್ಳಿ.

ಹೂ ಬಿಡದ, ಈ ವರ್ಷದ ಚಿಗುರಿನಿಂದ 4ರಿಂದ 5 ಇಂಚಿನ ಕಡ್ಡಿ ಕತ್ತರಿಸಿ. ಕೆಳಗಿನ ಎರಡು ಇಂಚಿನ ಎಲೆ ಬಿಡಿಸಿ. ಅರ್ಧ ಮರಳು, ಅರ್ಧ ಕೋಕೋಪೀಟ್ ಬೆರೆಸಿ ಪೇಪರ್ ಲೋಟದಲ್ಲಿ ತುಂಬಿ, ತಳಕ್ಕೆ ಮೂರು ತೂತು ಮಾಡಿ. ಬೇರಿಲ್ಲದ ಕಡ್ಡಿಗೆ ಸ್ವಲ್ಪ ತೇವ ಬೇಕೇ ಬೇಕು, ಹಾಗಾಗಿ ಕೋಕೋಪೀಟ್‌ಗೆ ಇಲ್ಲಿ ಮಾತ್ರ ಜಾಗವಿದೆ. ಪೆನ್ಸಿಲ್‌ನಿಂದ ತೂತು ಮಾಡಿ ಕಡ್ಡಿ ನಿಲ್ಲಿಸಿ, ಸುತ್ತ ಒತ್ತಿ. ಬೆಳಕಿರುವ ನೆರಳಿನಲ್ಲಿ ಇಡಿ. ಹಿಂಡಿದ ಬಟ್ಟೆಯಷ್ಟು ತೇವ ಇದ್ದರೆ ಸಾಕು.

ಬೇರು ಬರಲು 4ರಿಂದ 8 ವಾರ ಬೇಕು. ನಡುವೆ ಎಳೆದು ನೋಡಬೇಡಿ, ಆಗ ತಾನೇ ಮೂಡಿದ ಬೇರು ಕಿತ್ತುಬರುತ್ತದೆ. ತುದಿಯಲ್ಲಿ ಹೊಸ ಚಿಗುರು ಕಂಡು, ತಳದ ತೂತಿನಲ್ಲಿ ಬಿಳಿ ಬೇರು ಇಣುಕಿದಾಗ ಹಂತ 4ರ ಮಿಶ್ರಣಕ್ಕೆ, 5 ಇಂಚಿನ ಕುಂಡಕ್ಕೆ ಬದಲಿಸಿ. ಐದು ಕಡ್ಡಿ ಇಟ್ಟರೆ ನನಗೆ ಎರಡೋ ಮೂರೋ ಹತ್ತುತ್ತವೆ. ಅದಕ್ಕೇ ಒಂದು ಕಡ್ಡಿ ಇಟ್ಟು ಕಾಯುವ ಬದಲು ಯಾವಾಗಲೂ ಐದಾರು ಇಡಿ.